ಚೆರೋಕಿ ಜನರ ಬಗ್ಗೆ ತಿಳಿಯಲು ಸ್ಮೋಕಿ ಬೆಟ್ಟದ ಆ ಊರಲ್ಲಿ ಅರ್ಧ ದಿನ ಸಾಕೇ?

ಜಾರ್ಜಿಯಾದ ಕಮ್ಮಿಂಗ್‌ನಲ್ಲಿ ಇದ್ದೀರಿ, ಡಿಸೆಂಬರ್ ರಜೆಗೆ ಸ್ಮೋಕಿ ಬೆಟ್ಟಕ್ಕೆ ಹೊರಟಿದ್ದೀರಿ. ಮಗನ ಶಾಲೆಯ ಪ್ರಾಜೆಕ್ಟಿಗೆ ಅಮೆರಿಕದ ಮೂಲನಿವಾಸಿಗಳಾದ "ಅಳಿದುಹೋದ ಚೆರೋಕಿ ಜನಾಂಗ"ದ ಫೋಟೊ, ಮಾಹಿತಿ ಬೇಕು. ಅಲ್ಲಿನ ಚೆರೋಕಿ ಎಂಬ ಊರಲ್ಲಿ ಅರ್ಧ ದಿನ ಸಾಕೇ, ಅಸಲಿ ಚೆರೋಕಿಗಳನ್ನು ನೋಡಲು ಓಕ್ಲಹೋಮಾಕ್ಕೇ ಹೋಗಬೇಕೇ ಎಂದು ಕೇಳಿದ್ದೀರಿ. ನಾನೂ ಇದೇ ತಿಳುವಳಿಕೆ ಹೊತ್ತು ಇದೇ ರಸ್ತೆಯಲ್ಲಿ ಹೋದವಳು. ಅದರಿಂದ ಏನು ಕಳೆದುಕೊಂಡೆ ಎಂಬುದನ್ನು ಮೊದಲು ಹೇಳುತ್ತೇನೆ.

ಕನ್ನಡ ಕೂಟದ ಸ್ಮರಣ ಸಂಚಿಕೆಗೆ ಲೇಖನ ಬರೆದುಕೊಡಲು ಒಪ್ಪಿಕೊಂಡಿದ್ದೆ. ವಿಷಯ, "ಕಣ್ಣೀರ ಹಾದಿ", ಅಂದರೆ ಚೆರೋಕಿಗಳನ್ನು ಅವರ ನೆಲದಿಂದ ಪಶ್ಚಿಮಕ್ಕೆ ಓಡಿಸಿದ ಕಥೆ. ಸಾಕಷ್ಟು ಓದಿಕೊಂಡೇ ಹೋಗಿದ್ದೆ. 1830ರ ಮೇ 28ರಂದು ಅಧ್ಯಕ್ಷ ಆಂಡ್ರ್ಯೂ ಜಾಕ್ಸನ್ ಸಹಿ ಹಾಕಿದ, ಮೂಲನಿವಾಸಿಗಳನ್ನು ಪಶ್ಚಿಮಕ್ಕೆ ಕಳಿಸುವ ತೆರವು ಕಾಯಿದೆ. 1835ರ ಡಿಸೆಂಬರಿನಲ್ಲಿ ಚೆರೋಕಿ ರಾಜಧಾನಿ ನ್ಯೂ ಎಕೋಟಾದಲ್ಲಿ ಒಂದು ಸಣ್ಣ ಗುಂಪು ಇಡೀ ಜನರ ಪರವಾಗಿ ನೆಲ ಬಿಟ್ಟುಕೊಡಲು ಮಾಡಿಕೊಂಡ ಒಪ್ಪಂದ. ಅದು ನಮ್ಮದಲ್ಲ ಎಂದು 15,000ಕ್ಕೂ ಹೆಚ್ಚು ಚೆರೋಕಿಗಳ ಹೆಸರಿನಲ್ಲಿ ಮುಖ್ಯಸ್ಥ ಜಾನ್ ರಾಸ್ ಒಯ್ದ ಮನವಿ. ಆದರೂ ಬೇಕಾದ ಮೂರನೇ ಎರಡರಷ್ಟು ಬಹುಮತ ಒಂದೇ ಒಂದು ಮತದ ಅಂತರದಲ್ಲಿ ಸಿಕ್ಕಿ ಸೆನೆಟ್ ಒಪ್ಪಿಬಿಟ್ಟದ್ದು. 1838ರಲ್ಲಿ ಸೈನಿಕರು ಮನೆ ಮನೆಗೆ ನುಗ್ಗಿ, ಉಂಡ ತಟ್ಟೆಯನ್ನೂ ಎತ್ತಿಡಲು ಬಿಡದೆ ಜನರನ್ನು ಮರದ ಬೇಲಿಯ ದೊಡ್ಡಿಗಳಿಗೆ ತುಂಬಿದ್ದು. ಪಶ್ಚಿಮಕ್ಕೆ ಹೊರಡಿಸಿದ್ದು ಸುಮಾರು 16,000 ಜನರನ್ನು. ದೊಡ್ಡಿಗಳಲ್ಲೂ ದಾರಿಯಲ್ಲೂ ಸತ್ತವರು ಸುಮಾರು 4,000 ಎಂಬ ಅಂದಾಜು. ಇವೆಲ್ಲ ಬಾಯಿಪಾಠವಾಗಿತ್ತು. ಇಷ್ಟು ಗೊತ್ತಿದ್ದರೆ ಆ ಜನರೇ ಗೊತ್ತಾದಂತೆ ಎಂದು ನಂಬಿದ್ದೆ.

ನನ್ನ ಯಜಮಾನರ ಸಹೋದ್ಯೋಗಿಯೊಬ್ಬರು ಆ ಕಡೆಯವರು. ಅವರ ಮೂಲಕ ಉತ್ತರ ಕೆರೊಲೈನಾದಲ್ಲಿ ಚೆರೋಕಿಗಳ ನೆಲವಾದ ಕ್ವಾಲಾ ಬೌಂಡರಿಯಲ್ಲಿ ಬುಟ್ಟಿ ಹೆಣೆಯುವ ಒಬ್ಬ ಅಜ್ಜಿಯ ಪರಿಚಯವಾಯಿತು. ಮನೆಗೇ ಬನ್ನಿ ಎಂದರು. ಕುರ್ಚಿ ಹಾಕಿ ಕೂರಿಸಿದರು. ನಾನು ಪ್ರಶ್ನೆಗಳ ಪಟ್ಟಿ ತೆಗೆದೆ. ಮೊದಲ ಪ್ರಶ್ನೆ: ನಿಮ್ಮ ಹಿರಿಯರು ಆ ಹಾದಿಯಲ್ಲಿ ಪಟ್ಟ ಕಷ್ಟದ ನೆನಪು ಮನೆಯಲ್ಲಿ ಹೇಗೆ ಉಳಿದಿದೆ?

ಅವರು ಮೆಲ್ಲಗೆ ಹೇಳಿದರು, ನಮ್ಮವರು ಹೋಗಲೇ ಇಲ್ಲವಲ್ಲ, ಇಲ್ಲೇ ಇದ್ದರು ಎಂದು.

ನನ್ನ ತಪ್ಪು ಯಾವುದು ಎಂಬುದನ್ನು ಸರಿಯಾಗಿ ಗಮನಿಸಿ. ನನಗೆ ಇದು ತಿಳಿದಿರಲಿಲ್ಲ, ನಿಜ, ಆದರೆ ತಿಳಿಯದೆ ಇರುವುದು ಕ್ಷಮಿಸಬಹುದಾದ ಸಂಗತಿ. ಆ ಉತ್ತರ ಕೇಳಿದ ಮೇಲೂ ನಾನು ಪಟ್ಟಿಯ ಎರಡನೇ ಪ್ರಶ್ನೆಗೆ ಹೋದೆ. ಆಮೇಲೆ ಮೂರನೆಯದಕ್ಕೆ. ದೊಡ್ಡಿಗಳ ಬಗ್ಗೆ ಕೇಳಿದ್ದೀರಾ? ಆ ಚಳಿಗಾಲದ ಹಾಡುಗಳೇನಾದರೂ ಇವೆಯೇ? ಅವರು ಮರ್ಯಾದೆಗೆ ಏನೋ ಉತ್ತರ ಕೊಡುತ್ತಿದ್ದರು, ಅವರ ಕೈ ಮಾತ್ರ ಒಂದು ಕ್ಷಣವೂ ನಿಂತಿರಲಿಲ್ಲ. ಬಿದಿರಿನ ದಬ್ಬೆ ಸೀಳುತ್ತಿದ್ದರು, ಚೂರಿಯಿಂದ ಹೆರೆಯುತ್ತಿದ್ದರು, ಬಣ್ಣ ನೋಡಿ ಒಂದನ್ನು ಆರಿಸಿ ಇನ್ನೊಂದನ್ನು ಬದಿಗಿಡುತ್ತಿದ್ದರು. ಮೊಮ್ಮಗ ಚೆರೋಕಿ ಭಾಷೆಯಲ್ಲೇ ಪಾಠ ಹೇಳುವ ಶಾಲೆಗೆ ಹೋಗುತ್ತಾನೆ ಎಂದು ಅವರಾಗಿಯೇ ಹೇಳಿದರು. ನಾನು ಅದನ್ನು ಬರೆದುಕೊಳ್ಳಲಿಲ್ಲ, ಲೇಖನದ ವಿಷಯಕ್ಕೆ ಸಂಬಂಧ ಇಲ್ಲ ಎಂದು. ಎದುರಿಗೆ ಕೂತಿದ್ದ ಮನುಷ್ಯರನ್ನು ಬಿಟ್ಟು 1838ನ್ನು ಸಂದರ್ಶನ ಮಾಡಿದೆ.

ಅವರ ಉತ್ತರದ ಹಿಂದಿನ ಚರಿತ್ರೆ ಆಮೇಲೆ ಓದಿದಾಗ ತಿಳಿಯಿತು. ಒಕೊನಲಫ್ಟಿ ನದಿಯ ಬಳಿಯ ಕೆಲವು ಚೆರೋಕಿ ಕುಟುಂಬಗಳು 1819ರ ಒಪ್ಪಂದದ ಹೊತ್ತಿಗೇ ಚೆರೋಕಿ ರಾಷ್ಟ್ರದ ಗಡಿಯಿಂದ ಹೊರಗೆ ನೆಲೆಸಿದ್ದವು. ಅವರ ನಾಯಕ ಯೋನಗುಸ್ಕ. ಆತ ಮಗನಂತೆ ಸ್ವೀಕರಿಸಿದ್ದ ಬಿಳಿಯ ವ್ಯಾಪಾರಿ ವಿಲಿಯಂ ಹಾಲೆಂಡ್ ಥಾಮಸ್ ಈ ಜನರಿಗಾಗಿ ತನ್ನ ಹೆಸರಿನಲ್ಲಿ ಜಮೀನು ಕೊಳ್ಳುತ್ತಾ ಹೋದ. ಸೈನ್ಯದ ಕೈಗೆ ಸಿಗದೆ ಬೆಟ್ಟ ಹತ್ತಿ ಅಡಗಿದವರೂ ಇವರ ಜೊತೆ ಸೇರಿಕೊಂಡರು. ಇವತ್ತಿನ ಕ್ವಾಲಾ ಬೌಂಡರಿ ಸರ್ಕಾರ ದಯಮಾಡಿ ಕೊಟ್ಟ ನೆಲವಲ್ಲ, ತಮ್ಮದೇ ನೆಲವನ್ನು ಹಣ ಕೊಟ್ಟು ಕೊಂಡದ್ದು. ಆ ಅಜ್ಜಿ ಒಂದೇ ವಾಕ್ಯದಲ್ಲಿ ಇಷ್ಟನ್ನೂ ನನ್ನ ಮುಂದೆ ಇಟ್ಟಿದ್ದರು.

ಅವರ ತೊಡೆಯ ಮೇಲಿದ್ದದ್ದು ಏನೆಂಬುದೂ ಆಮೇಲೆಯೇ ಗೊತ್ತಾಯಿತು. ಅದು ಜೋಡಿ ಹೆಣಿಗೆಯ ಬುಟ್ಟಿ. ತಳದಿಂದ ಶುರುವಾಗಿ ಒಳಬುಟ್ಟಿಯನ್ನು ಅಂಚಿನವರೆಗೆ ಹೆಣೆದು, ಅಲ್ಲಿ ದಬ್ಬೆಗಳನ್ನು ಮಡಚಿ ಹೊರಬದಿಯಿಂದ ಕೆಳಕ್ಕೆ ಹೆಣೆಯುತ್ತಾ ಬರಬೇಕು. ಒಂದರೊಳಗೊಂದು ಎರಡು ಬುಟ್ಟಿ, ನಡುವೆ ಎಲ್ಲೂ ತುಂಡಿಲ್ಲ. ಕ್ವಾಲಾದಲ್ಲಿ ಈ ವಿದ್ಯೆ ಬಹುತೇಕ ಮರೆತೇಹೋಗಿತ್ತು. ಅಲ್ಲಿನ ಶಾಲೆಯಲ್ಲಿ ಬುಟ್ಟಿ ಹೆಣಿಗೆ ಕಲಿಸುತ್ತಿದ್ದ ಲಾಟಿ ಸ್ಟ್ಯಾಂಪರ್ ಎಂಬಾಕೆ 1940ರ ದಶಕದಲ್ಲಿ, ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿರುವ 18ನೇ ಶತಮಾನದ ಒಂದು ಬುಟ್ಟಿಯ ಫೋಟೊ ನೋಡಿ ನೋಡಿ ಅದನ್ನು ಬಿಡಿಸಿಕೊಂಡು ಮತ್ತೆ ಕಲಿತರು, ಇತರರಿಗೂ ಕಲಿಸಿದರು. ತಮ್ಮದೇ ಕಸುಬನ್ನು ಸಮುದ್ರದಾಚೆಯ ಗಾಜಿನ ಪೆಟ್ಟಿಗೆಯಿಂದ ವಾಪಸು ತಂದುಕೊಂಡ ಊರು ಅದು. ಆ ಅಜ್ಜಿ ಯಾರ ಕೈಯಲ್ಲಿ ಕಲಿತರು? ನದಿಯಂಚಿನ ಆ ನಾಡಬಿದಿರು ಈಗ ಎಲ್ಲಿ ಸಿಗುತ್ತದೆ, ಅದರ ಮೆಳೆಗಳೆಲ್ಲ ಹೊಲಗಳಾಗಿ ನಾಶವಾಗಿವೆಯಲ್ಲ? ಅಕ್ರೋಟಿನ ಬೇರಿನ ಕಂದು, ಬ್ಲಡ್‌ರೂಟ್ ಬೇರಿನ ಕಿತ್ತಳೆ ಕೆಂಪು ಸಾಕಷ್ಟು ಹಿಡಿದಿದೆ ಎಂದು ಕುದಿಯುವ ಪಾತ್ರೆ ನೋಡಿ ಹೇಗೆ ತಿಳಿಯುತ್ತದೆ? ಒಂದನ್ನೂ ಕೇಳಿರಲಿಲ್ಲ.

ಇನ್ನೂ ಒಂದು ನನ್ನನ್ನು ಹೆಚ್ಚು ಕಾಡುತ್ತದೆ. ಚೆರೋಕಿಗಳಲ್ಲಿ ಏಳು ಕುಲ: ತೋಳ, ಜಿಂಕೆ, ಹಕ್ಕಿ, ಬಣ್ಣ, ಉದ್ದಗೂದಲು, ನೀಲಿ, ಕಾಡುಗೆಡ್ಡೆ. ಕುಲ ಬರುವುದು ತಾಯಿಯಿಂದ, ಒಂದೇ ಕುಲದೊಳಗೆ ಮದುವೆ ಇಲ್ಲ. ಹಿಂದೆ ಮನೆ ಹೆಂಡತಿಯದು. ಮಕ್ಕಳನ್ನು ತಿದ್ದಿ ಬೆಳೆಸುವ ಅಧಿಕಾರ ಅಪ್ಪನಿಗಿಂತ ಸೋದರಮಾವನಿಗೆ ಹೆಚ್ಚು. ನಾನು ಉಡುಪಿ ಕಡೆಯ ಅಳಿಯಕಟ್ಟಿನ ಮನೆಯವಳು. ನಮ್ಮ ಕುಲ, ಅಂದರೆ "ಬಳಿ", ಬರುವುದೂ ಅಮ್ಮನಿಂದ, ನಮ್ಮಲ್ಲೂ ಮಾವನ ಮಾತೇ ಮಾತು. ನಿಮ್ಮ ಕುಲ ಯಾವುದು ಎಂದು ಒಂದು ಮಾತು ಕೇಳಿ, ನನ್ನ ಬಳಿಯ ಹೆಸರು ಹೇಳಿದ್ದರೆ ಸಾಕಿತ್ತು. ಅಮೆರಿಕದಲ್ಲಿ ಬೇರೆ ಯಾರಿಗೂ ವಿವರಿಸಲು ಆಗದ್ದನ್ನು ಆ ಅಜ್ಜಿಗೆ ವಿವರಿಸಬೇಕಾಗಿಯೇ ಇರಲಿಲ್ಲ.

ಇದೆಲ್ಲ ತಿಳಿದ ಮೇಲೆ ಮತ್ತೆ ಬರಬಹುದೇ ಎಂದು ಪತ್ರ ಬರೆದೆ. ಅವರ ಮಗಳು ಉತ್ತರ ಬರೆದಿದ್ದರು, ಅಮ್ಮ ಹಿಂದಿನ ಚಳಿಗಾಲದಲ್ಲಿ ತೀರಿಕೊಂಡರು ಎಂದು. ನನ್ನ ಲೇಖನ ಅಷ್ಟರಲ್ಲಿ ಅಚ್ಚಾಗಿತ್ತು. ಮೊದಲಿಂದ ಕೊನೆಯವರೆಗೂ ಭೂತಕಾಲದಲ್ಲಿ, "ಹೀಗೆ ಒಂದು ಸಂಸ್ಕೃತಿ ಅಸ್ತಂಗತವಾಯಿತು" ಎಂಬ ಸಾಲಿನೊಂದಿಗೆ. ಕೆಲವು ತಂದೆತಾಯಿಗಳು ಅದನ್ನೇ ಮಕ್ಕಳ ಶಾಲೆಯ ಕೆಲಸಕ್ಕೂ ಬಳಸಿದರು.

ಈಗ ನಿಮ್ಮ ಪ್ರಶ್ನೆಗೆ ಬರುತ್ತೇನೆ. "ಅಳಿದುಹೋದ" ಎಂಬುದನ್ನು ಪ್ರಾಜೆಕ್ಟಿನ ಹೆಸರಿನಿಂದ ಇವತ್ತೇ ತೆಗೆಸಿ. ಅಮೆರಿಕದ ಕೇಂದ್ರ ಸರ್ಕಾರ ಮಾನ್ಯ ಮಾಡಿರುವ ಚೆರೋಕಿ ಸರ್ಕಾರಗಳು ಮೂರಿವೆ. ಓಕ್ಲಹೋಮಾದ ಟಾಲೆಕ್ವಾದಲ್ಲಿ ಚೆರೋಕಿ ನೇಷನ್ ಮತ್ತು ಯುನೈಟೆಡ್ ಕಿಟುವಾ ಬ್ಯಾಂಡ್, ಉತ್ತರ ಕೆರೊಲೈನಾದಲ್ಲಿ ಈಸ್ಟರ್ನ್ ಬ್ಯಾಂಡ್. ಚೆರೋಕಿ ನೇಷನ್‌ಗೇ 4.5 ಲಕ್ಷಕ್ಕೂ ಹೆಚ್ಚು ಪ್ರಜೆಗಳು, ಸ್ವಂತ ಸಂವಿಧಾನ, ನ್ಯಾಯಾಲಯ, ಆಸ್ಪತ್ರೆಗಳು. ವಿಲ್ಮಾ ಮ್ಯಾನ್‌ಕಿಲ್ಲರ್ ಎಂಬ ಹೆಣ್ಣುಮಗಳು 1985ರಿಂದ 1995ರವರೆಗೆ ಅದರ ಮುಖ್ಯಸ್ಥೆಯಾಗಿದ್ದರು. ಹಾಗಾಗಿ ಅಸಲಿ ಯಾರು ಎಂಬ ಪ್ರಶ್ನೆಯೇ ಸರಿಯಲ್ಲ. ಹೋದವರೂ ಚೆರೋಕಿಗಳೇ, ಉಳಿದವರೂ ಚೆರೋಕಿಗಳೇ.

ಗರಿಯ ದೊಡ್ಡ ಕಿರೀಟ ತೊಟ್ಟವರ ಜೊತೆ ಮಗನ ಫೋಟೊ ಬೇಕು ಎಂದೂ ಬರೆದಿದ್ದೀರಿ. ಬೇಡ. ಆ ಕಿರೀಟ, ಆ ಚರ್ಮದ ಗುಡಾರ ಪಶ್ಚಿಮದ ಬಯಲುಸೀಮೆಯ ಬೇರೆ ಜನಾಂಗಗಳವು. ಸಿನಿಮಾ ನೋಡಿ ಬಂದ ಪ್ರವಾಸಿಗಳು ಅದನ್ನೇ ಬಯಸಿದ್ದರಿಂದ ಕಳೆದ ಶತಮಾನದಲ್ಲಿ ಅಲ್ಲಿನ ಕೆಲವರು ಹೊಟ್ಟೆಪಾಡಿಗೆ ರಸ್ತೆಬದಿಯಲ್ಲಿ ಅದನ್ನು ತೊಟ್ಟು ನಿಂತರು. ಅವರನ್ನು ನಾನು ದೂರುವುದಿಲ್ಲ. ಚೆರೋಕಿಗಳು ಇದ್ದದ್ದು ಮಣ್ಣು ಮೆತ್ತಿದ ತಡಿಕೆ ಗೋಡೆಯ ಮನೆಗಳಲ್ಲಿ, ಆಮೇಲೆ ಮರದ ದಿಮ್ಮಿಯ ಮನೆಗಳಲ್ಲಿ, ಊರು ಕಟ್ಟಿಕೊಂಡು, ಜೋಳ ಬೆಳೆದುಕೊಂಡು. ಚೆರೋಕಿ ಲಿಪಿ ಕಟ್ಟಿದ ಸೆಕ್ವೋಯಾ ಅವರ ಪ್ರಸಿದ್ಧ ಚಿತ್ರ ನೋಡಿ, ತಲೆಯ ಮೇಲಿರುವುದು ರುಮಾಲು.

ಸೆಕ್ವೋಯಾ ಹೆಸರು ಬಂದ ಮೇಲೆ ಹೇಳಲೇಬೇಕು, ಮಗನ ಪ್ರಾಜೆಕ್ಟಿಗೆ ಇದಕ್ಕಿಂತ ಒಳ್ಳೆಯ ವಿಷಯ ಇಲ್ಲ. ಇಂಗ್ಲಿಷ್ ಓದಲು ಬಾರದ ಈ ಕಸುಬುದಾರ ವರ್ಷಗಟ್ಟಲೆ ತಲೆ ಕೆಡಿಸಿಕೊಂಡು 1821ರ ಹೊತ್ತಿಗೆ ತಮ್ಮ ಭಾಷೆಗೆ ಒಂದು ಲಿಪಿ ಕಟ್ಟಿದರು. ಒಂದೊಂದು ಉಚ್ಚಾರಕ್ಕೆ ಒಂದೊಂದು ಅಕ್ಷರ, ಈಗ ಬಳಕೆಯಲ್ಲಿರುವುದು 85. ಮೊದಲು ಕಲಿತವಳು ಅವರ ಪುಟ್ಟ ಮಗಳು ಅಯೋಕಾ. ಕೆಲವೇ ವರ್ಷಗಳಲ್ಲಿ ಜನ ಒಬ್ಬರಿಂದೊಬ್ಬರು ಕಲಿತು ಓದಿ ಬರೆಯತೊಡಗಿದರು. 1828ರ ಫೆಬ್ರವರಿ 21ರಂದು ನ್ಯೂ ಎಕೋಟಾದಿಂದ ಚೆರೋಕಿ ಮತ್ತು ಇಂಗ್ಲಿಷ್ ಎರಡರಲ್ಲೂ ಅಚ್ಚಾದ "ಚೆರೋಕಿ ಫೀನಿಕ್ಸ್" ಪತ್ರಿಕೆ ಹೊರಬಂತು. ಒಕ್ಕಲೆಬ್ಬಿಸುವ ಹತ್ತು ವರ್ಷ ಮೊದಲು ಈ ಜನರ ಕೈಯಲ್ಲಿ ಸಂವಿಧಾನ, ಸುಪ್ರೀಂ ಕೋರ್ಟ್, ದಿನಚರಿಯಂತೆ ನಡೆಯುವ ಅಚ್ಚುಕೂಟ ಎಲ್ಲ ಇದ್ದವು. "ನಾಗರಿಕರಾಗಿ, ಆಗ ಬಿಡುತ್ತೇವೆ" ಎಂದವರು ಇದನ್ನೆಲ್ಲ ಕಣ್ಣಾರೆ ಕಂಡೇ ಓಡಿಸಿದರು.

ಇವತ್ತು ಆ ಅಕ್ಷರಗಳು ಐಫೋನ್‌ನಲ್ಲೂ ಇವೆ. ಆದರೆ ಮಾತೃಭಾಷೆಯಾಗಿ ಚೆರೋಕಿ ಆಡುವವರು 2019ರ ಹೊತ್ತಿಗೆ ಸುಮಾರು 2,000, ಹೆಚ್ಚಿನವರು ವಯಸ್ಸಾದವರು. ಆ ವರ್ಷವೇ ಮೂರೂ ಸರ್ಕಾರಗಳು ಸೇರಿ ಭಾಷೆಗೆ ತುರ್ತುಪರಿಸ್ಥಿತಿ ಘೋಷಿಸಿದವು. ಅಜ್ಜಿ ಹೇಳಿದ ಮೊಮ್ಮಗನ ಶಾಲೆಯ ಮಹತ್ವ ನನಗೆ ಅರ್ಥವಾದದ್ದು ಇದನ್ನು ಓದಿದಾಗ.

ಇನ್ನೊಂದು ವಿಷಯ ನಿಮ್ಮ ಮನೆಯ ಹೊಸ್ತಿಲಲ್ಲೇ ಇದೆ. ಕಮ್ಮಿಂಗ್ ಇರುವ ಫೋರ್ಸೈತ್ ಕೌಂಟಿ ಚೆರೋಕಿ ನೆಲ. ಡಲೋನೆಗಾ ಸುತ್ತ ಚಿನ್ನ ಸಿಕ್ಕಿದ್ದೇ ಜಾರ್ಜಿಯಾ ರಾಜ್ಯ 1832ರಲ್ಲಿ ಆ ನೆಲವನ್ನು ಲಾಟರಿ ಎತ್ತಿ ಬಿಳಿಯರಿಗೆ ಹಂಚಿತು, ಕೆಲವೆಡೆ 160 ಎಕರೆಯಂತೆ, ಚಿನ್ನದ ಸೀಮೆಯಲ್ಲಿ 40 ಎಕರೆಯಂತೆ. ಅದೇ ವರ್ಷ ಅಮೆರಿಕದ ಸುಪ್ರೀಂ ಕೋರ್ಟ್, ಚೆರೋಕಿ ನೆಲದಲ್ಲಿ ಜಾರ್ಜಿಯಾದ ಕಾನೂನು ನಡೆಯದು ಎಂದು ತೀರ್ಪು ಕೊಟ್ಟಿತ್ತು. ಕೌಂಟಿಗೆ ಹೆಸರು ಕೊಟ್ಟ ಜಾನ್ ಫೋರ್ಸೈತ್ ತೆರವು ಕಾಯಿದೆಯ ಪರ ಸೆನೆಟ್‌ನಲ್ಲಿ ವಾದಿಸಿದ ವ್ಯಕ್ತಿ. ನಾವು ಕನ್ನಡಿಗರು ಅಲ್ಲಿ ಸಾಲು ಸಾಲು ಮನೆ ಕೊಂಡು ಗೃಹಪ್ರವೇಶ ಮಾಡುತ್ತೇವೆ. ಮಗನಿಗೆ ಇದು ತಿಳಿದಿರಲಿ.

ಹಾಗೆಂದು ಅವರನ್ನು ದೇವರ ಪಟಕ್ಕೂ ಏರಿಸಬೇಡಿ. ಅವರಲ್ಲಿನ ಸಿರಿವಂತರು ಕರಿಯರನ್ನು ಗುಲಾಮರಾಗಿ ಇಟ್ಟುಕೊಂಡಿದ್ದರು, ಪಶ್ಚಿಮಕ್ಕೆ ಹೋಗುವಾಗ ಜೊತೆಗೆ ಕರೆದೊಯ್ದರು. ಆ ಗುಲಾಮರ ವಂಶಜರ ಪೌರತ್ವದ ಜಗಳ 2017ರ ಕೋರ್ಟ್ ತೀರ್ಪಿನವರೆಗೂ ನಡೆಯಿತು. ಕೊನೆಗೆ 2021ರಲ್ಲಿ ಚೆರೋಕಿ ನೇಷನ್‌ನ ಸುಪ್ರೀಂ ಕೋರ್ಟ್ ಅವರನ್ನು ಹೊರಗಿಡಲು ಕಾರಣವಾಗಿದ್ದ "ರಕ್ತಸಂಬಂಧದಿಂದ" ಎಂಬ ಮಾತನ್ನು ಸಂವಿಧಾನದಿಂದ ತೆಗೆಸಿತು.

ಅರ್ಧ ದಿನ ಸಾಲದು. ಹೊರಡುವ ಮೊದಲು ಒಂದು ವಾರಾಂತ್ಯ ಕ್ಯಾಲ್ಹೂನ್ ಬಳಿಯ ನ್ಯೂ ಎಕೋಟಾಕ್ಕೆ ಹೋಗಿಬನ್ನಿ, ನಿಮ್ಮಿಂದ ಒಂದು ಗಂಟೆಯ ಚಿಲ್ಲರೆ ದಾರಿ. ಪತ್ರಿಕೆಯ ಅಚ್ಚುಕೂಟವನ್ನು ಅಲ್ಲಿ ಮತ್ತೆ ಕಟ್ಟಿದ್ದಾರೆ. ಚೆರೋಕಿಗಳ ಪರ ಜೈಲಿಗೆ ಹೋದ ಪಾದ್ರಿ ಸ್ಯಾಮ್ಯುಯೆಲ್ ವೂಸ್ಟರ್ ಅವರ ಮನೆ ಮಾತ್ರ ಆ ಕಾಲದಿಂದಲೂ ಅಲ್ಲೇ ಇದೆ. ಆಮೇಲೆ ಚೆರೋಕಿ ಊರಲ್ಲಿ ಎರಡು ರಾತ್ರಿ ಇರಿ. ಡಿಸೆಂಬರಿನಲ್ಲಿ ಅಲ್ಲಿನ ಹಳೆಯ ಹಳ್ಳಿಯ ಮಾದರಿ ಮುಚ್ಚಿರುತ್ತದೆ, ಕುವೋಹಿ ಶಿಖರದ ರಸ್ತೆಯೂ ಮುಚ್ಚಿರುತ್ತದೆ. ಕ್ಲಿಂಗ್‌ಮನ್ಸ್ ಡೋಮ್ ಎಂದು ನೀವು ಹುಡುಕುತ್ತಿರುವುದು ಅದನ್ನೇ, 2024ರ ಸೆಪ್ಟೆಂಬರಿನಲ್ಲಿ ಅದಕ್ಕೆ ಮೂಲ ಹೆಸರು ವಾಪಸು ಬಂತು. ಬೆಳಿಗ್ಗೆ ಮ್ಯೂಸಿಯಂ ಆಫ್ ದ ಚೆರೋಕಿ ಪೀಪಲ್, ಅಲ್ಲಿಂದ ರಸ್ತೆಯಾಚೆಯ ಕ್ವಾಲಾ ಆರ್ಟ್ಸ್ ಸಹಕಾರ ಸಂಘ. 1946ರಿಂದ ಕಸುಬುದಾರರೇ ನಡೆಸುತ್ತಿರುವುದು. ಬೀದಿಯ ಪ್ಲಾಸ್ಟಿಕ್ ಕೊಡಲಿ ಕೊಳ್ಳುವ ದುಡ್ಡನ್ನು ಅಲ್ಲಿ ಕೊಡಿ. ಬುಟ್ಟಿಯ ಬೆಲೆ ನೋಡಿ ಹೌಹಾರಬೇಡಿ, ಬಿದಿರು ಹುಡುಕುವುದರಿಂದ ಹಿಡಿದು ಎಲ್ಲವೂ ಕೈಕೆಲಸ. ಅಲ್ಲಿ ಯಾರಾದರೂ ಕೆಲಸ ಮಾಡುತ್ತಾ ಕೂತಿದ್ದರೆ, ಬಿಡುವಿದೆಯೇ ಎಂದು ಕೇಳಿ, ಮಗನಿಂದಲೇ ಮಾತಾಡಿಸಿ. ಈಗ ಏನು ಮಾಡುತ್ತಿದ್ದೀರಿ, ಯಾರು ಕಲಿಸಿದರು ಎಂದು ಕೇಳಲಿ. ಕಣ್ಣೀರ ಹಾದಿಯ ಮಾತು ಅವರಾಗಿ ಎತ್ತಿದರೆ ಮಾತ್ರ.

ಮರುದಿನ ಬ್ರೈಸನ್ ಸಿಟಿ ಕಡೆಯ ರಸ್ತೆಯಲ್ಲಿ ಕಿಟುವಾ. ಚೆರೋಕಿಗಳು ತಾಯೂರು ಎನ್ನುವ ಜಾಗ, 1996ರಲ್ಲಿ ಈಸ್ಟರ್ನ್ ಬ್ಯಾಂಡ್ ಮತ್ತೆ ಕೊಂಡುಕೊಂಡದ್ದು. ಉಳುಮೆಯಿಂದ ಸವೆದ ಒಂದು ದಿಬ್ಬ ಇದೆ, ಅದರ ಮೇಲೆ ಹತ್ತಬೇಡಿ. ಓಕ್ಲಹೋಮಾ ಈ ಸಲ ಬೇಡ. ಹೋಗುವುದಾದರೆ ಸೆಪ್ಟೆಂಬರಿನ ಲೇಬರ್ ಡೇ ವಾರಾಂತ್ಯಕ್ಕೆ ಟಾಲೆಕ್ವಾಗೆ ಹೋಗಿ. 1839ರ ಸಂವಿಧಾನದ ನೆನಪಿಗೆ 1953ರಿಂದ ನಡೆಸುವ ಚೆರೋಕಿ ರಾಷ್ಟ್ರೀಯ ಹಬ್ಬ ಆಗಲೇ. ಊರು ಸಣ್ಣದು, ಜನ ಜಾಸ್ತಿ, ರೂಮು ಮೊದಲೇ ಬುಕ್ ಮಾಡಿ.