ಸರ್ಕಾರಿ ಆರೋಗ್ಯ ಯೋಜನೆಯಿಂದ ಬಡವರ ಜೀವ ನಿಜಕ್ಕೂ ಉಳಿಯುತ್ತಾ? ಅಳೆಯೋದು ಹೇಗೆ?

ಉಳಿಯುತ್ತದೆ. ಅದಕ್ಕೆ ಪುರಾವೆ ಸಿಕ್ಕಿದ್ದು ನಮ್ಮ ಕರ್ನಾಟಕದಲ್ಲೇ.

2010ರಲ್ಲಿ ವಾಜಪೇಯಿ ಆರೋಗ್ಯಶ್ರೀ ಶುರುವಾಯಿತು. ಬಿಪಿಎಲ್ ಮನೆಯವರಿಗೆ ಹೃದಯ, ಕ್ಯಾನ್ಸರ್‌ನಂಥ ದೊಡ್ಡ ಕಾಯಿಲೆಗಳ ಚಿಕಿತ್ಸೆ ಉಚಿತವಾಯಿತು. ಮೊದಲು ಉತ್ತರ ಕರ್ನಾಟಕಕ್ಕೆ, ದಕ್ಷಿಣಕ್ಕೆ ಆಮೇಲೆ. ಈ ಗಡಿಯೇ ಸಂಶೋಧಕರ ಅಳತೆಗೋಲಾಯಿತು. ರಾಣೆಬೆನ್ನೂರಿನಿಂದ ಹೊರಟು ತುಂಗಭದ್ರೆ ದಾಟಿದರೆ ಹರಿಹರ. ಈಚೆ ಹಾವೇರಿ, ಬೆಳಗಾವಿ ವಿಭಾಗ. ಆಚೆ ದಾವಣಗೆರೆ, ಬೆಂಗಳೂರು ವಿಭಾಗ. ಎರಡೂ ಕಡೆ ಅದೇ ಮೆಕ್ಕೆಜೋಳ, ಅದೇ ಸಾಲ. ಇಂಥ ಅಕ್ಕಪಕ್ಕದ ಒಟ್ಟು 572 ಹಳ್ಳಿಗಳನ್ನು ಹೋಲಿಸಿದ ಅಧ್ಯಯನ 2014ರಲ್ಲಿ ಬ್ರಿಟಿಷ್ ಮೆಡಿಕಲ್ ಜರ್ನಲ್‌ನಲ್ಲಿ ಬಂತು.

ಯೋಜನೆ ಇದ್ದ ಹಳ್ಳಿಗಳ ಬಡವರಲ್ಲಿ ಈ ಕಾಯಿಲೆಗಳಿಂದ ಸತ್ತವರು ಶೇ 0.32. ಇಲ್ಲದ ಕಡೆ ಶೇ 0.90. ಇಂಥ ಕಾಯಿಲೆಗೆ ದೊಡ್ಡಾಸ್ಪತ್ರೆ ಸೇರಿದಾಗ ಕೈಯಿಂದ ಹೋಗುವ ದುಡ್ಡೂ ಸುಮಾರು ಮೂರನೇ ಒಂದು ಭಾಗ ಕಡಿಮೆ. ಎಪಿಎಲ್ ಮನೆಗಳಲ್ಲಿ ಸಾವಿನ ವ್ಯತ್ಯಾಸ ಕಾಣಲಿಲ್ಲ. ನನಗೆ ಇದೇ ಗಟ್ಟಿ ಸಾಕ್ಷಿ. ಒಳ್ಳೆ ಆಸ್ಪತ್ರೆ ಹತ್ತಿರ ಇದ್ದದ್ದೇ ಕಾರಣ ಆಗಿದ್ದರೆ ಅವರಿಗೂ ಲಾಭ ಆಗಬೇಕಿತ್ತು, ಅಲ್ವಾ?

ಯೋಜನೆ ಘೋಷಿಸಿ ಸುಮ್ನೆ ಕೂರಲಿಲ್ಲ ಅನ್ನೋದೂ ಮುಖ್ಯ. ಹಳ್ಳಿಗಳಲ್ಲಿ ಶಿಬಿರ ಮಾಡಿ, ರೋಗಿಗಳನ್ನು ಗುರುತಿಸಿ, ದೊಡ್ಡಾಸ್ಪತ್ರೆಗೆ ಕಳಿಸಿದರು. ಹುಬ್ಬಳ್ಳಿಗೆ ಯಾವ ಬಸ್, ಯಾವ ಡಾಕ್ಟರ್ ಅಂತ ಗೊತ್ತಿಲ್ಲದೆ ಎದೆನೋವು ನುಂಗಿಕೊಂಡು ಹೊಲಕ್ಕೆ ಹೋಗುವವರು ನಮ್ಮಲ್ಲಿ ಜಾಸ್ತಿ.

ಆದರೆ ದಿನದ ಬಿಪಿ, ಶುಗರ್ ಮಾತ್ರೆ ಇದರಲ್ಲಿ ಬರಲಿಲ್ಲ. ಗದಗಿನ ನಮ್ಮ ಮನೆಯಲ್ಲಿ ಅವ್ವ ತಿಂಗಳ ಕೊನೆಗೆ ಬಿಪಿ ಮಾತ್ರೆ ಅರ್ಧ ಮಾಡಿ, ಉಳಿದ ಚೂರನ್ನು ಸ್ಟೀಲ್ ಡಬ್ಬಿಯಲ್ಲಿ ಎತ್ತಿಡುತ್ತಿದ್ದಳು.