ಎರಡು ಚಂದ್ರರ ಲೋಕದಲ್ಲಿ ಮಂತ್ರದ ಉಬ್ಬರ ಎಂದು ಬರುತ್ತದೆ?

ಕಡಲಿನ ಉಬ್ಬರ-ಇಳಿತದ ಲೆಕ್ಕ ಹಾಕುವುದು ನನ್ನ ಕೆಲಸ. ಈಗೀಗ ಬರುವ ಪ್ರಶ್ನೆಗಳಲ್ಲಿ ಅರ್ಧಕ್ಕರ್ಧ ಕಥೆ ಬರೆಯುವವರದು. ಕಲ್ಪನೆಯ ಲೋಕ, ಅಲ್ಲಿ ಎರಡೋ ಮೂರೋ ಚಂದ್ರ, ಅವುಗಳ ಜೊತೆ ಏರಿಳಿಯುವ ಮಂತ್ರಶಕ್ತಿ. ಓದಲು ನನಗೆ ನಿಜಕ್ಕೂ ಇಷ್ಟ. ಆದರೆ ಎಲ್ಲರೂ ಒಂದೇ ಕಡೆ ಎಡವುತ್ತಿದ್ದಾರೆ. ಈ ಸಲ ಅದನ್ನೇ ಜಾಸ್ತಿ ಹೇಳುತ್ತೇನೆ.

ಪ್ರಶ್ನೆ: ನನ್ನ ಕಾದಂಬರಿಯ ಆಕಾಶದಲ್ಲಿ ಎರಡು ಚಂದ್ರ, ಎರಡೂ ಒಂದೇ ಗಾತ್ರ ಕಾಣುತ್ತವೆ. ಸಾವಿರ ವರ್ಷಕ್ಕೊಮ್ಮೆ ಒಂದೇ ಕಡೆ ಸೇರಿದಾಗ ಮಂತ್ರದ ಮಹಾ ಉಬ್ಬರ ಏಳುತ್ತದೆ. ಇದು ಸರಿಯೇ? (ಶಿವಮೊಗ್ಗದ ಓದುಗರು)

ಸರಿಯಲ್ಲ. ಮಂತ್ರ ನಿಮ್ಮದು, ಅದಕ್ಕೆ ನಾನು ಅಡ್ಡ ಬರುವುದಿಲ್ಲ. ಆದರೆ ಅದು ಕಡಲಿನ ಹಾಗೆ ಏರಿಳಿಯುತ್ತದೆ ಎಂದು ನೀವೇ ಬರೆದ ಮೇಲೆ ಕಡಲಿನ ಲೆಕ್ಕಕ್ಕೆ ಒಪ್ಪಬೇಕು ಅಲ್ವಾ?

ಮೊದಲು ಗಾತ್ರ. ಚಂದ್ರ ನೀರನ್ನು ಎಷ್ಟು ಎತ್ತುತ್ತಾನೆ ಎನ್ನುವುದು ಎರಡರ ಮೇಲೆ ನಿಂತಿದೆ: ಕಣ್ಣಿಗೆ ಎಷ್ಟು ದೊಡ್ಡದಾಗಿ ಕಾಣುತ್ತಾನೆ, ಎಷ್ಟು ಗಟ್ಟಿಯಾಗಿದ್ದಾನೆ, ಅಂದರೆ ಅವನ ಸಾಂದ್ರತೆ ಎಷ್ಟು. ನಮ್ಮ ಸೂರ್ಯ, ಚಂದ್ರ ಇಬ್ಬರೂ ಹೆಚ್ಚುಕಡಿಮೆ ಒಂದೇ ಗಾತ್ರ ಕಾಣುತ್ತಾರೆ. ಅದಕ್ಕೇ ಖಗ್ರಾಸ ಗ್ರಹಣ ಆಗುವುದು. ಆದರೆ ಸೂರ್ಯನ ಸಾಂದ್ರತೆ ಚಂದ್ರನದರ ಅರ್ಧಕ್ಕಿಂತ ಕಡಿಮೆ. ಹಾಗಾಗಿ ಸೂರ್ಯ ಎಬ್ಬಿಸುವ ಉಬ್ಬರವೂ ಚಂದ್ರನದರ ಅರ್ಧಕ್ಕಿಂತ ಕಡಿಮೆ, ಸುಮಾರು ಶೇ 46. ನಿಮ್ಮ ಎರಡು ಚಂದ್ರರೂ ಒಂದೇ ಥರದ ಕಲ್ಲಿನವು ಎಂದಿಟ್ಟುಕೊಳ್ಳಿ. ಆಗ ಇಬ್ಬರ ಬಲವೂ ಸಮ. ಒಬ್ಬನನ್ನು ಎರಡು ಪಟ್ಟು ದೊಡ್ಡದಾಗಿ ಕಾಣಿಸಿದಿರೋ, ಅವನ ಬಲ ಎರಡಲ್ಲ, ಎಂಟು ಪಟ್ಟು. ಆಕಾಶ ತುಂಬುವ ಚಂದ್ರನನ್ನು ಸುಮ್ನೆ ಚೆಂದಕ್ಕೆಂದು ಬರೆಯುವವರು ತಮ್ಮ ಕರಾವಳಿಯ ಊರುಗಳು ಎಲ್ಲಿ ಹೋದವು ಎಂದೂ ಬರೆಯಲಿ.

ಈಗ ದಿನಗಳ ಲೆಕ್ಕ. ಮೊದಲನೆಯವನು ನಮ್ಮ ಚಂದ್ರನ ಹಾಗೆ 27.3 ದಿನಕ್ಕೆ ಒಂದು ಸುತ್ತು ಹಾಕಲಿ. ಎರಡನೆಯವನು ಅರ್ಧ ದೂರದಲ್ಲಿ, ಅರ್ಧ ಅಗಲದವನು. ಆಗ ಇಬ್ಬರೂ ಒಂದೇ ಗಾತ್ರ ಕಾಣುತ್ತಾರೆ. ಅರ್ಧ ದೂರದವನ ಸುತ್ತು ಸುಮಾರು 9.7 ದಿನಕ್ಕೇ ಮುಗಿಯುತ್ತದೆ. ಅಂದರೆ ಸುಮಾರು 15 ದಿನಕ್ಕೊಮ್ಮೆ ಅವನು ದೊಡ್ಡವನ ಜೊತೆಗೆ ಬಂದು ಸೇರುತ್ತಾನೆ. ಸಾವಿರ ವರ್ಷವಲ್ಲ, ಹದಿನೈದು ದಿನ.

ಅಷ್ಟೇ ಅಲ್ಲ. ಒಂದೇ ಕಡೆ ಸೇರಿದರೆ ಮಾತ್ರ ದೊಡ್ಡ ಉಬ್ಬರ ಎಂದು ಯಾರು ಹೇಳಿದರು? ಕರಾವಳಿಯಲ್ಲಿ ಯಾರನ್ನಾದರೂ ಕೇಳಿ. ಹುಣ್ಣಿಮೆಗೂ ನೀರು ಏರುತ್ತದೆ, ಅಮಾವಾಸ್ಯೆಗೂ ಏರುತ್ತದೆ. ಅಮಾವಾಸ್ಯೆಗೆ ಸೂರ್ಯ, ಚಂದ್ರ ಒಂದೇ ಕಡೆ, ಹುಣ್ಣಿಮೆಗೆ ಎದುರುಬದುರು. ಎದುರುಬದುರು ನಿಂತರೂ ಬಲ ಕೂಡಿಯೇ ಕೂಡುತ್ತದೆ. ಹಾಗಾಗಿ ನಿಮ್ಮ ಲೋಕದಲ್ಲಿ ವಾರಕ್ಕೊಂದು ದೊಡ್ಡ ಉಬ್ಬರ. ಎರಡು ಉಬ್ಬರಗಳ ನಡುವೆ, ಚಂದ್ರರು ಒಬ್ಬರಿಗೊಬ್ಬರು ಲಂಬಕೋನದಲ್ಲಿ ನಿಂತ ದಿನ, ಒಬ್ಬ ಎತ್ತಿದ ಕಡೆ ಇನ್ನೊಬ್ಬ ಇಳಿಸುತ್ತಾನೆ. ಬಲ ಸಮ ಇರುವುದರಿಂದ ಕಡಲು ಬಹುಪಾಲು ಕದಲದೆ ನಿಲ್ಲುತ್ತದೆ. ಆ ದಿನ ಮಂತ್ರವಾದಿಯ ಬಾಯಲ್ಲಿ ಮಂತ್ರ ಇದ್ದರೂ ಕೈಯಲ್ಲಿ ಏನೂ ಇರುವುದಿಲ್ಲ. ಕಥೆ ಇರುವುದು ಅಲ್ಲಿ! ಯಾಕೆ ಅದನ್ನು ಯಾರೂ ಬರೆಯುತ್ತಿಲ್ಲ?

ಸಾವಿರ ವರ್ಷವೇ ಬೇಕು ಎಂದು ಹಟ ಹಿಡಿದರೆ, ಇಬ್ಬರ ಸುತ್ತಿನ ನಡುವೆ ಬರೀ 3 ನಿಮಿಷದ ವ್ಯತ್ಯಾಸ ಇಡಬೇಕಾಗುತ್ತದೆ. ಅಷ್ಟು ಒತ್ತಿನಲ್ಲಿ ಸುತ್ತುವ ದೊಡ್ಡ ಚಂದ್ರರು ಒಬ್ಬರ ದಾರಿಯನ್ನು ಇನ್ನೊಬ್ಬರು ಕೆಡಿಸುತ್ತಾರೆ. ಅದರ ಬದಲು ಗುರುಗ್ರಹವನ್ನು ನೋಡಿ. ಅಯೋ, ಯುರೋಪಾ, ಗ್ಯಾನಿಮೀಡ್ ಎಂಬ ಮೂರು ಚಂದ್ರಗಳ ತಾಳ ಕೂಡಿಕೊಂಡಿದೆ. ಗ್ಯಾನಿಮೀಡ್ ಒಂದು ಸುತ್ತು ಮುಗಿಸುವಷ್ಟರಲ್ಲಿ ಯುರೋಪಾ ಎರಡು, ಅಯೋ ನಾಲ್ಕು ಸುತ್ತು ಹಾಕುತ್ತವೆ. ಆ ತಾಳ ಇರುವವರೆಗೂ ಮೂರೂ ಒಂದೇ ಕಡೆ ಸಾಲಾಗಿ ನಿಲ್ಲುವುದೇ ಇಲ್ಲ. ಮೂರು ಚಂದ್ರರೂ ಸೇರುವ ದಿನಕ್ಕಾಗಿ ತಲೆಮಾರುಗಟ್ಟಲೆ ಕಾಯುವ ಒಂದು ಮಠ, ಆ ದಿನ ಬರುವುದೇ ಇಲ್ಲ ಎಂದು ಲೆಕ್ಕ ಹಾಕಿದ ಒಬ್ಬ ಹುಡುಗಿ. ಬೇಕಿದ್ದರೆ ತಗೊಳ್ಳಿ.

ಪ್ರಶ್ನೆ: ಮಂತ್ರದ ಉಬ್ಬರ ಎಲ್ಲ ಊರಲ್ಲೂ ಒಂದೇ ಎತ್ತರ ಇರಬಹುದೇ?

ಬೇಡ. ಒಂದೇ ಚಂದ್ರನ ಕೆಳಗೆ ಮಂಗಳೂರಲ್ಲಿ ನೀರು ಒಂದೂವರೆ ಮೀಟರ್ ಆಸುಪಾಸು ಏರಿಳಿದರೆ, ಗುಜರಾತಿನ ಖಂಭಾತ್ ಕೊಲ್ಲಿಯಲ್ಲಿ 10 ಮೀಟರ್ ದಾಟುತ್ತದೆ.

ಪ್ರಶ್ನೆ: ಮನುಷ್ಯನ ಮೈಯಲ್ಲಿ ಅರ್ಧಕ್ಕಿಂತ ಹೆಚ್ಚು ಭಾಗ ನೀರು, ಅದನ್ನೂ ಚಂದ್ರ ಎಳೆಯುತ್ತಾನೆ. ಇದನ್ನೇ ಮಂತ್ರದ ಮೂಲ ಮಾಡಲೇ?

ಕಥೆಯಲ್ಲಿ ಮಾಡಿ, ನಿಜ ಎಂದು ಮಾತ್ರ ನಂಬಬೇಡಿ. ಉಬ್ಬರ ಬರುವುದು ಭೂಮಿಯ ಈ ಬದಿಗೂ ಆ ಬದಿಗೂ ಇರುವ ಸೆಳೆತದ ವ್ಯತ್ಯಾಸದಿಂದ. ಆರಡಿ ಮೈಯಲ್ಲಿ ಆ ವ್ಯತ್ಯಾಸ ಇಲ್ಲವೆನ್ನುವಷ್ಟು ಕಡಿಮೆ. ಕೆರೆಯಲ್ಲೇ ಕಾಣದ ಉಬ್ಬರ ನಿಮ್ಮ ತಲೆಯೊಳಗೆ ಎಲ್ಲಿಂದ ಬರಬೇಕು? ಇದೇ ಮಾತು ಹೇಳಿ ಹುಣ್ಣಿಮೆಗೆ ಉಂಗುರ, ತಾಯಿತ ಮಾರುವವರಿದ್ದಾರೆ. ಮನಸ್ಸಿಗೆ ಹುಷಾರಿಲ್ಲದವರನ್ನು ಡಾಕ್ಟರ ಹತ್ತಿರ ಕರೆದೊಯ್ಯದೆ ಇವರ ಬಾಗಿಲಿಗೆ ಕರೆದೊಯ್ಯುವುದನ್ನು ನೋಡಿದಾಗ ನನಗೆ ಹೊಟ್ಟೆ ಉರಿಯುತ್ತದೆ.

ಪ್ರಶ್ನೆ: ಸೂಪರ್‌ಮೂನ್ ದಿನ ಸುನಾಮಿ ಬರುತ್ತದೆಯೇ?

ಇಲ್ಲ.

ಪ್ರಶ್ನೆ: ಅನುಭವಕ್ಕಾಗಿ ಅಮಾವಾಸ್ಯೆ ರಾತ್ರಿ ಅಳಿವೆಯ ಮರಳದಿಬ್ಬದ ಮೇಲೆ ಒಬ್ಬನೇ ಕೂರಬೇಕೆಂದಿದ್ದೇನೆ. ಏನೇನು ಗಮನಿಸಲಿ?

ಹೋಗಬೇಡಿ. ಚಿಕ್ಕವನಿದ್ದಾಗ ನಾನು ಹಾಗೇ ಕೂತಿದ್ದೆ. ನೀರು ಮುಂದಿನಿಂದ ಬರುತ್ತದೆ ಎಂದು ಕಡಲನ್ನೇ ನೋಡುತ್ತಿದ್ದೆ. ಅದು ಹಿಂದಿನ ತಗ್ಗಿನಿಂದ ಬಂದು ದಾರಿ ಮುಚ್ಚಿತ್ತು. ಎದೆಮಟ್ಟದ ನೀರಲ್ಲಿ, ಸೆಳೆತದಲ್ಲಿ ವಾಪಸ್ ಬಂದೆ. ಹಗಲು ಹೋಗಿ, ದಡದಲ್ಲೇ ನಿಲ್ಲಿ, ಅಂದಿನ ನೀರು ಎಷ್ಟು ಹೊತ್ತಿಗೆ ಏರುತ್ತದೆ ಎಂದು ಅಲ್ಲಿನ ದೋಣಿಯವರನ್ನು ಕೇಳಿಕೊಳ್ಳಿ. ಮಳೆಗಾಲದಲ್ಲಿ ಅದೂ ಬೇಡ.