‘ಚುಂಗ್‌ಕಿಂಗ್ ಎಕ್ಸ್‌ಪ್ರೆಸ್’ ಚಿತ್ರದ ತರಹದ ಚಲನೆಗೆ ಯಾವ ಪ್ಲಗಿನ್ (ಎಡಿಟಿಂಗ್ ಸಾಫ್ಟ್‌ವೇರ್‌ಗೆ ಸೇರಿಸೋ ಪುಟ್ಟ ಪ್ರೋಗ್ರಾಂ) ಬೇಕು? ಅದರ ಸಂಕಲನಕಾರರಲ್ಲೊಬ್ಬರಾದ ವಿಲಿಯಂ ಚಾಂಗ್ ಥರ ಎಡಿಟರ್ ಆಗೋದು ಹೇಗೆ?

ಪ್ಲಗಿನ್ ಹುಡುಕೋ ಹಂತ ನನಗೂ ಚೆನ್ನಾಗಿ ಗೊತ್ತು. ಬಿಟ್ಟುಬಿಡಿ ಅದನ್ನ. 1994ರ ಆ ಹಾಂಗ್‌ಕಾಂಗ್ ಚಿತ್ರದಲ್ಲಿ ಜನಜಂಗುಳಿ ಗೆರೆಗೆರೆಯಾಗಿ ಹರಿಯುತ್ತಲ್ಲ, ಅದು ಹುಟ್ಟಿದ್ದು ಕ್ಯಾಮೆರಾದಲ್ಲಿ. ಸೆಕೆಂಡಿಗೆ ಮಾಮೂಲಿ 24ರ ಬದಲು ಕಡಿಮೆ ಫ್ರೇಮ್ (ಬಿಡಿ ಚಿತ್ರ) ತೆಗೆದು, ಆಮೇಲೆ ಒಂದೊಂದು ಫ್ರೇಮನ್ನೂ ಎರಡು-ಮೂರು ಸಲ ಪ್ರಿಂಟ್ ಹಾಕಿ 24 ತುಂಬಿಸ್ತಾರೆ. ಇದೇ ಸ್ಟೆಪ್ ಪ್ರಿಂಟಿಂಗ್.

ಹೆಚ್ಚಿನವರು ಎಡವೋದು ಒಂದೇ ಕಡೆ: ಮಾಮೂಲಿ 24ರಲ್ಲಿ ಶೂಟ್ ಮಾಡಿ, ಟೈಮ್‌ಲೈನಿನಲ್ಲಿ ವೇಗ ಮೂರನೇ ಒಂದಕ್ಕೆ ಇಳಿಸ್ತಾರೆ. ಆಗ ಪ್ರತಿ ಫ್ರೇಮಿಗೆ ಬೆಳಕು ಬಿದ್ದಿರೋದು 1/48 ಸೆಕೆಂಡ್ ಮಾತ್ರ, ಓಡುವವನ ಕೈ ಬಹುತೇಕ ನಿಚ್ಚಳ. ಆ ನಿಚ್ಚಳ ಚಿತ್ರ ಮೂರು ಫ್ರೇಮ್ ನಿಂತು ಮುಂದಕ್ಕೆ ಹಾರಿದರೆ ಕಂಪ್ಯೂಟರ್ ಹ್ಯಾಂಗ್ ಆದಂತೆ ಕಾಣುತ್ತೆ. ಸಾಲದ್ದಕ್ಕೆ ಒಂದು ಸೆಕೆಂಡಿನ ನಡಿಗೆ ಮೂರು ಸೆಕೆಂಡಾಗಿ ಬರೀ ಸ್ಲೋ ಮೋಷನ್ ಆಗುತ್ತೆ. 8 ಫ್ರೇಮಿನಲ್ಲಿ ತೆಗೆದರೆ ಶಟರನ್ನು (ಬೆಳಕು ಒಳಗೆ ಬಿಡುವ ಪರದೆ) 1/10 ಸೆಕೆಂಡ್ ತೆರೆದಿಡಬಹುದು. ಕೈ ಅಳಿಸಿ ಎಳೆದ ಬಣ್ಣವಾಗುತ್ತೆ. ಅದು ಮೂರು ಫ್ರೇಮ್ ನಿಂತರೂ ಕಣ್ಣು ಚಲನೆ ಅಂತಲೇ ಒಪ್ಪಿಕೊಳ್ಳುತ್ತೆ. ಅವಧಿಯೂ ಹಿಗ್ಗಲ್ಲ.

ಸೋನಿ ಕ್ಯಾಮೆರಾ ಇದ್ದರೆ ಮೊದಲು ವಿಡಿಯೊ ಪದ್ಧತಿಯನ್ನು ಪಾಲ್‌ನಿಂದ ಎನ್‌ಟಿಎಸ್‌ಸಿಗೆ ಬದಲಿಸಿ, ಪಾಲ್‌ನಲ್ಲಿ 24 ಸಿಗಲ್ಲ. ಎಸ್ ಅಂಡ್ ಕ್ಯೂ (ಸ್ಲೋ ಅಂಡ್ ಕ್ವಿಕ್) ಮೋಡ್‌ನಲ್ಲಿ ರೆಕಾರ್ಡಿಂಗ್ 24ಪಿ, ಫ್ರೇಮ್ ರೇಟ್ 8, ಶಟರ್ 1/10. ನಮ್ಮ 50 ಹರ್ಟ್ಸ್ ದೀಪಗಳಿಗೆ ಈ ಶಟರ್ ಹೊಂದುತ್ತೆ, ಮಿನುಗು ಬರಲ್ಲ. 1/50ಕ್ಕೆ ಹೋಲಿಸಿದರೆ ಬೆಳಕು ಐದು ಪಟ್ಟು ಒಳಗೆ ಬರುತ್ತೆ, ಹಾಗಾಗಿ ಹಗಲಲ್ಲಿ ಬೆಳಕು ತಗ್ಗಿಸೋ ಎನ್‌ಡಿ ಫಿಲ್ಟರ್ ಬೇಕೇ ಬೇಕು. ಈ ಮೋಡ್‌ನಲ್ಲಿ ಧ್ವನಿ ದಾಖಲಾಗಲ್ಲ. ರೆಕಾರ್ಡರ್ ಬೇರೆ ಇಡಿ. 8ರಲ್ಲಿ ತೆಗೆದದ್ದು 24ರಲ್ಲಿ ಮೂರು ಪಟ್ಟು ವೇಗವಾಗಿ ಓಡುತ್ತೆ, ಹಾಗಾಗಿ ಇಲ್ಲಿ ಮಾತ್ರ ವೇಗ ಇಳಿಸಬೇಕು: ಎಡಿಟಿಂಗ್ ಸಾಫ್ಟ್‌ವೇರ್ ಡಾವಿಂಚಿ ರಿಸಾಲ್ವ್‌ನಲ್ಲಿ 24ರ ಟೈಮ್‌ಲೈನ್, ವೇಗ ಶೇ 33.33, ರೀಟೈಮ್ ‘ನಿಯರೆಸ್ಟ್’ (ಇದ್ದ ಫ್ರೇಮನ್ನೇ ಮತ್ತೆ ತೋರಿಸುತ್ತೆ). ಆಪ್ಟಿಕಲ್ ಫ್ಲೋ ಮಾತ್ರ ಮುಟ್ಟಬೇಡಿ, ಇಲ್ಲದ ಫ್ರೇಮ್ ಹುಟ್ಟಿಸಿ ಎಲ್ಲವನ್ನೂ ನುಣುಪು ಮಾಡಿಬಿಡುತ್ತೆ. ಇನ್ನು ಆ ಚಿತ್ರದಲ್ಲಿ ನಟ ಟೋನಿ ಲಿಯುಂಗ್ ಕಾಫಿ ಕುಡಿಯೋ ಶಾಟ್: ಮುಂದೆ ಜನ ಸರ್ರನೆ ಹರೀತಾರೆ, ಲಿಯುಂಗ್ ಮಾತ್ರ ನಿಧಾನ. ಅಲ್ಲಿ ನಟರೇ ಮೆಲ್ಲಗೆ ಅಲುಗಾಡಬೇಕು, ಅದು ಸಾಫ್ಟ್‌ವೇರಿನ ಕೆಲಸ ಅಲ್ಲ.

ಎರಡನೇ ಪ್ರಶ್ನೆಯೇ ಸ್ವಲ್ಪ ದಾರಿ ತಪ್ಪಿದೆ. ಚಾಂಗ್ ಬರೀ ಎಡಿಟರ್ ಅಲ್ಲ. ‘ಚುಂಗ್‌ಕಿಂಗ್’ ನಿರ್ದೇಶಕ ವೋಂಗ್ ಕರ್ ವಾಯ್ ಅವರ ‘ಇನ್ ದ ಮೂಡ್ ಫಾರ್ ಲವ್’ (2000) ಚಿತ್ರಕ್ಕೆ ಕಲಾ ನಿರ್ದೇಶನ, ವಸ್ತ್ರವಿನ್ಯಾಸ, ಸಂಕಲನ ಮೂರೂ ಅವರದೇ. ಕಾನ್ ಚಿತ್ರೋತ್ಸವದಲ್ಲಿ ಅದರ ತಾಂತ್ರಿಕ ಪ್ರಶಸ್ತಿಯನ್ನು ಇಬ್ಬರು ಛಾಯಾಗ್ರಾಹಕರ ಜೊತೆ ಹಂಚಿಕೊಂಡರು. ಆ ಚಿತ್ರ ಹಾಕಿಕೊಂಡು ನಾಯಕಿ ಮ್ಯಾಗಿ ಚೆಯುಂಗ್ ಉಡುಪು ಗಮನಿಸಿ. ಅದೇ ಜಾಗ, ಅದೇ ಕೋನ. ಕಟ್ ಆದ ಮೇಲೆ ಚಿಯೊಂಗ್‌ಸಾಮ್ (ಮೈಗೆ ಅಂಟಿದ ಚೀನೀ ಉಡುಪು) ಬೇರೆ. ದಿನಗಳು ಕಳೆದವು ಅಂತ ಹೇಳೋಕೆ ಫೇಡ್ ಇಲ್ಲ, ಅಕ್ಷರ ಇಲ್ಲ, ಬಟ್ಟೆಯೊಂದೇ. ಹೊಲಿಸಿದವನೇ ಕತ್ತರಿಸಲು ಕೂತಾಗ ಇಂಥ ಜಿಗಿತಕ್ಕೆ ಧೈರ್ಯ ಬರುತ್ತೆ ಅನ್ನೋದು ನನ್ನ ಗಟ್ಟಿ ಅಭಿಪ್ರಾಯ.

ಹಾಗಾಗಿ ಅಸಿಸ್ಟೆಂಟ್ ಎಡಿಟರ್ ಆಗೋಕೆ ಮುಂಚೆ ಯಾವುದಾದರೂ ಚಿತ್ರದಲ್ಲಿ ಕಂಟಿನ್ಯುಟಿ (ಶಾಟ್‌ನಿಂದ ಶಾಟ್‌ಗೆ ಎಲ್ಲ ಹೊಂದುತ್ತಾ ಅಂತ ನೋಡೋ ಕೆಲಸ) ಅಥವಾ ಕಾಸ್ಟ್ಯೂಮ್ ಸಹಾಯಕರಾಗಿ ಸೇರಿಕೊಳ್ಳಿ. ಯಾವ ಸೀನಿಗೆ ಯಾವ ಬಟ್ಟೆ, ಯಾವ ಗೋಡೆ, ಎಷ್ಟು ಹೊತ್ತಿನ ಬೆಳಕು ಅಂತ ದಿನಾ ಬರೆದಿಟ್ಟುಕೊಂಡು, ಆ ಪುಸ್ತಕ ಹಿಡಿದುಕೊಂಡೇ ಎಡಿಟಿಂಗ್ ರೂಮಿಗೆ ಹೋಗಿ.